ಮೇಷ್ಟ್ರ ಪುಸ್ತಕದ ಒಂದೇ ಪುಟ

ಬೈಂಡಿಂಗಿಗೆಂದು ಕುದಿಸುತ್ತಿದ್ದ ಮೈದಾ ಅಂಟಿನ ವಾಸನೆ ಇವತ್ತು ಬೆಳಿಗ್ಗೆ ನನ್ನನ್ನು ಅಳಿಸಿಬಿಟ್ಟಿತು. ಮೊನ್ನೆ ಮೇಷ್ಟ್ರು ತೀರಿಕೊಂಡು ಅವರ ಮಣ್ಣಿಗೆ ಹೋದಾಗಲೂ ಕಣ್ಣು ಒದ್ದೆಯಾಗಿರಲಿಲ್ಲ. ಕೊಟ್ಟೂರಿನ ನನ್ನ ಈ ಸಣ್ಣ ಪ್ರೆಸ್ಸಿಗೆ ಕರಡು ತಿದ್ದಲು ಬಂದಾಗಲೆಲ್ಲ ಅವರು ಮೂಗು ಅರಳಿಸಿ, "ಏನಲೇ, ಉಪ್ಪಿಟ್ಟು ಮಾಡಾಕತ್ತೀಯೇನು?" ಎನ್ನುತ್ತಿದ್ದರು. ಹೈಸ್ಕೂಲಿನಲ್ಲಿ ನನಗೆ ಪಾಠ ಹೇಳಿದವರು. ನನ್ನ ತಲೆ ನರೆತರೂ ಅವರಿಗೆ ನಾನು 'ಲೇ'ಯೇ.

ನಿವೃತ್ತಿಯಾದ ಮೇಲೆ ಪ್ರಬಂಧ ಬರೆಯಲು ಕೂತರು. ಧರ್ಮದ ಹೆಸರಿನಲ್ಲಿ ಬಾಂಬು ಇಡುವ, ಕತ್ತಿ ಹಿಡಿಯುವ ಹುಡುಗರು ಹೇಗೆ ತಯಾರಾಗುತ್ತಾರೆ ಎಂಬುದೇ ವಿಷಯ. ಯಾವ ಧರ್ಮವನ್ನೂ ಬಿಟ್ಟಿರಲಿಲ್ಲ, ನಮ್ಮದನ್ನೂ. ಒಂದು ಪ್ರಬಂಧದ ಮೊದಲ ಪುಟ ಪೂರ್ತಿ, ಹುಡುಗರ ತಲೆ ಕೆಡಿಸುವವನ ಮಾತು. ದೇವರಿಗಾಗಿ ಕೊಂದರೆ ಪಾಪವಿಲ್ಲ, ಬಾ... ಎಂಥವನನ್ನೂ ಎಳೆಯುವಂತಿತ್ತು. ಮುಂದಿನ ಪುಟದಿಂದ ಆ ಒಂದೊಂದು ಮಾತನ್ನೂ ಹಿಡಿದು ಜಾಡಿಸಿದ್ದರು.

ಟೈಪ್ ಮಾಡುತ್ತ ನನಗೆ ಮೈ ಜುಮ್ಮೆಂದಿತು. ನನ್ನ ಹಾಳು ಬುದ್ಧಿ! ಹೆಮ್ಮೆ ತಡೆಯಲಾರದೆ ಆ ಮೊದಲ ಪುಟದ ಫೋಟೋ ತೆಗೆದು, "ಮೇಷ್ಟ್ರು ಹೆಂಗ ಬರದಾರ ನೋಡ್ರಲೇ" ಎಂದು ನಮ್ಮ ಹತ್ತನೇ ಕ್ಲಾಸಿನ ಗ್ರೂಪಿಗೆ ಹಾಕಿದೆ. ಸಂಜೆಯೊಳಗೆ ಅದು ಕೂಡ್ಲಿಗಿ, ಹಡಗಲಿ, ಹರಪನಹಳ್ಳಿ ಮುಟ್ಟಿತ್ತು. ಈ ಮೇಷ್ಟ್ರು ಅವರ ಹುಡುಗರನ್ನು ನಮ್ಮ ಮೇಲೆ ಛೂ ಬಿಡುತ್ತಿದ್ದಾನೆ ಎಂದು ಈ ಧರ್ಮದವರು, ಇವರ ಹುಡುಗರನ್ನು ಎಂದು ಆ ಧರ್ಮದವರು ಬೈದರು. ಪುಟ ಒಂದೇ.

ಮರುದಿನ ಮೇಷ್ಟ್ರು ಬಂದರು. ಆ ಕರಡು ಇದ್ದದ್ದು ನನ್ನೊಬ್ಬನ ಹತ್ತಿರ. ಆದರೂ ಯಾರು ಕಳಿಸಿದ್ದೆಂದು ಅವರು ಕೇಳಲಿಲ್ಲ.

"ಮುಂದಿನ ಪುಟನೂ ಕಳಸಪಾ" ಎಂದರು, ಅಷ್ಟೇ.

ಕಳಿಸಿದೆ. ಗ್ರೂಪಿನಲ್ಲಿ ಇಬ್ಬರು ಕೈ ಮುಗಿದ ಚಿತ್ರ ಹಾಕಿದರು. ಒಬ್ಬನೂ ಅದನ್ನು ಮುಂದಕ್ಕೆ ದಾಟಿಸಲಿಲ್ಲ...

ಪ್ರೆಸ್ಸಿಗೆ ಕಲ್ಲು ಬಿದ್ದೀತೆಂಬ ಹೆದರಿಕೆಗೆ, "ಬ್ಯಾರೆ ಕಡಿ ನೋಡ್ಕೊಳ್ರಿ ಸರ" ಎಂದುಬಿಟ್ಟೆ. ಪುಸ್ತಕ ದಾವಣಗೆರೆಯಲ್ಲಿ ಅಚ್ಚಾಯಿತು. ಬೈದವರು ಬೇಕಾದಷ್ಟು ಜನ ಸಿಕ್ಕರು, ಓದಿದವರು ಸಿಗಲಿಲ್ಲ. ಹೋಟೆಲಿನಲ್ಲಿ ಅವರ ಟೇಬಲ್ಲಿಗೆ ಯಾರೂ ಕೂರದಾದರು. ಹೆಸರು ಮಾಡಲು ಆ ಪುಟವನ್ನು ತಾನೇ ಹರಿಬಿಟ್ಟ ಎಂದು ಊರು ನಂಬಿತು. ಹಾಕಿದ್ದು ನಾನೆಂದು ಬಲ್ಲ ಗ್ರೂಪಿನವರೂ ತಾವು ದಾಟಿಸಿದ್ದನ್ನು ಮುಚ್ಚಿಕೊಳ್ಳಲು ಊರಿನ ಮಾತಿಗೇ ಸೇರಿಕೊಂಡರು. ನನ್ನೆದುರಿಗೇ ಹಾಗೆಂದವರಿದ್ದಾರೆ. ನಾನು ಹ್ಞೂಂ ಎಂದಿದ್ದೇನೆ, ಥೂ.

ಇವತ್ತು ಮಧ್ಯಾಹ್ನ ಮೇಷ್ಟ್ರ ಮಗಳು ಅಪ್ಪನ ಪುಣ್ಯಸ್ಮರಣೆಗೆ ಶಿವಗಣಾರಾಧನೆಯ ಕಾರ್ಡು ಹಾಕಿಸಲು ಬಂದಳು.

"ನಿವೃತ್ತ ಶಿಕ್ಷಕರು ಅಂತ ಅಷ್ಟ ಹಾಕಣ್ಣ. ಸಾಹಿತಿ ಗೀಹಿತಿ ಬ್ಯಾಡ. ಆ ಪುಟ ತಾವ ಹಾಕಿ ಕುಂತ್ರು, ನಾವು ಊರಾಗ ತಲಿ ಎತ್ತದಂಗ ಆತು. ಯಾಕ ಹಾಕಿದ್ರಿ ಅಪ್ಪಾಜಿ ಅಂತ ಕಡೀತನಕ ಕೇಳ್ದೆ. ಬಾಯಿ ಬಿಡ್ಲಿಲ್ಲ."

ಮನೆಯವರ ಮುಂದೆಯೂ ಅವರು ನನ್ನ ಹೆಸರು ಎತ್ತಿರಲಿಲ್ಲ. ಮೇಷ್ಟ್ರು ಹೋದರು, ಅವರೆದುರು ತಪ್ಪೊಪ್ಪಿಕೊಳ್ಳುವ ಕಾಲವೂ ಹೋಯಿತು. ಮಗಳಾದರೂ ಎದುರಿಗೇ ನಿಂತಿದ್ದಳು, ಕಣ್ಣೊರೆಸಿಕೊಳ್ಳುತ್ತ. ಬಾಯಿ ತೆರೆದೆ.

"ಎಷ್ಟು ಕಾರ್ಡ್ ಬೇಕವ್ವ?" ಎಂದೆ.