ಅಗುಳಿಯಿಲ್ಲದ ಹಿತ್ತಲ ಬಾಗಿಲು

ಮೊನ್ನೆ ಮೊಮ್ಮಗಳ ಪುಸ್ತಕದ ಬೆನ್ನು ಕಿತ್ತುಬಂದಿತ್ತು. ಬಣ್ಣದ ಚಿತ್ರಗಳಿರುವ ಇತಿಹಾಸದ ಪುಸ್ತಕ, ರಾಜರಿಗೆಲ್ಲ ಸಿನಿಮಾದವರ ಮೀಸೆ. ಅಂಗಡಿಯ ಗೋಂದನ್ನು ನಾನು ನಂಬುವವಳಲ್ಲ. ಒಂದು ಹಳೇ ಪಾತ್ರೆಯಲ್ಲಿ ಮೈದಾ ಕಲಸಿ, ಹುಳ ಹತ್ತದಿರಲೆಂದು ಚಿಟಿಕೆ ಮೈಲುತುತ್ತ ಹಾಕಿ ಅಂಟು ಕಾಯಿಸಿದೆ. ಅಡುಗೆಮನೆಗೆ ವಿಷ ತಂದಿರಾ ಎಂದು ಸೊಸೆ ರೇಗಿದಳು. ನನಗೆ ಅವಳ ಮಾತು ಕೇಳಿಸಲೇ ಇಲ್ಲ. ಆ ಹಸಿ ಹಸಿ ವಾಸನೆ ಮೂಗಿಗೆ ಬಡಿದದ್ದೇ ತಡ, ಎದುರಿಗೆ ಮೇಷ್ಟ್ರು ಬಂದು ನಿಂತ ಹಾಗಾಯಿತು... ಕೊರಳಿಗೆ ಗುಂಡಿ ಹಾಕಿದ ಬಿಳಿ ಅಂಗಿ, ಕಿವಿಯ ಸಂದಿಯಲ್ಲಿ ಕೆಂಪು ಪೆನ್ಸಿಲ್ಲು.

ನಾನು ಹರಿಹರದ ಹುಡುಗಿ. ಐವತ್ತರ ದಶಕದ ಕೊನೆಯಲ್ಲಿ ದಾವಣಗೆರೆಗೆ ಸೊಸೆಯಾಗಿ ಬಂದೆ. ಮಾವನವರದು ಮನೆಯ ಮುಂಭಾಗದಲ್ಲೇ ಒಂದು ಸಣ್ಣ ಅಚ್ಚುಕೂಟ. ಗಂಡಸರು ಅಕ್ಷರದ ಮೊಳೆ ಜೋಡಿಸಿ ಅಚ್ಚು ಹಾಕಿದರೆ, ಆ ದೊಡ್ಡ ಹಾಳೆಗಳನ್ನು ಮಡಚಿ, ಹೊಲಿದು, ಅಂಟು ಹಚ್ಚಿ ಪುಸ್ತಕ ಮಾಡುವುದು ನಡುಮನೆಯಲ್ಲಿ ಅತ್ತೆಯ ಮತ್ತು ನನ್ನ ಕೆಲಸ. ಮದುಮಗಳ ಬಳೆ ಇನ್ನೂ ಹೊಸದಾಗಿರುವಾಗಲೇ ನನ್ನ ಬೆರಳೆಲ್ಲ ಸೂಜಿ ಚುಚ್ಚಿ ತೂತಾಗಿತ್ತು.

ಮೇಷ್ಟ್ರು ಹೈಸ್ಕೂಲಿನಲ್ಲಿ ಇತಿಹಾಸ ಹೇಳುತ್ತಿದ್ದರು. ಅಷ್ಟಕ್ಕೇ ಸುಮ್ಮನಿರದೆ, ಮಕ್ಕಳಿಗೆಂದು ನಮ್ಮ ಸೀಮೆಯ ವೀರರ, ಶರಣರ, ಕೆರೆ ಕಟ್ಟಿಸಿದವರ ಜೀವನಕಥೆಗಳನ್ನು ಸಣ್ಣ ಸಣ್ಣ ಪುಸ್ತಕ ಮಾಡಿ ನಮ್ಮಲ್ಲೇ ಅಚ್ಚು ಹಾಕಿಸುತ್ತಿದ್ದರು. ಅವರದೊಂದು ಪದ್ಧತಿ ಇತ್ತು. ಬರೆದದ್ದನ್ನು ಅಚ್ಚಿಗೆ ಕೊಡುವ ಮೊದಲು ನಮ್ಮ ಜಗಲಿಯ ಮೇಲೆ ಓಣಿಯ ಮಕ್ಕಳನ್ನು ಕೂರಿಸಿಕೊಂಡು ಓದುತ್ತಿದ್ದರು. ಯಾವ ಸಾಲಿಗೆ ಒಂದು ಮಗು ಆಕಳಿಸಿತೋ, ಬೀದಿಯ ನಾಯಿಯ ಕಡೆ ತಿರುಗಿತೋ, ಆ ಸಾಲಿಗೆ ಕೆಂಪು ಪೆನ್ಸಿಲ್ಲಿನ ಗೀಟು. ಅಬ್ಬಾ, ಅವರ ಓದು! ಕುದುರೆ ಬಂತೆಂದರೆ ಕುದುರೆಯೇ ಬಂತು. ಒಳಗೆ ಹಾಳೆ ಮಡಚುತ್ತ ಕೂತ ನಾನು ಎಷ್ಟೋ ಸಲ ತಪ್ಪು ಮಡಚಿ ಅತ್ತೆಯ ಕೈಲಿ ಬೈಸಿಕೊಂಡಿದ್ದೇನೆ.

ಆ ವರ್ಷ ಅವರು ಬರೆದದ್ದು ಹರಿಹರದ ಹತ್ತಿರ ಹೊಳೆದಂಡೆಯ ಮೇಲಿದ್ದ ಒಂದು ಸಣ್ಣ ಕೋಟೆಯ ಪಾಳೇಗಾರನ ಕಥೆ. ವೈರಿಗಳು ತಿಂಗಳುಗಟ್ಟಲೆ ಮುತ್ತಿಗೆ ಹಾಕುತ್ತಾರೆ, ಪಾಳೇಗಾರ ಬಗ್ಗುವುದಿಲ್ಲ. ಕೊನೆಗೆ ಹೊಳೆಯ ಕಡೆಯ ಸಣ್ಣ ಬಾಗಿಲನ್ನು ಕಾಯುವವನೇ ಅಗುಳಿ ತೆಗೆದುಬಿಡುತ್ತಾನೆ, ಕೋಟೆ ಬೀಳುತ್ತದೆ. ಮೇಷ್ಟ್ರು ಆ ಕಾವಲುಗಾರನ ಹೆಸರು ಬರೆದಿರಲಿಲ್ಲ. ಆದರೆ ಮಕ್ಕಳು ಬಾಯಿ ತೆರೆದು ಕೇಳಲೆಂದು ಕೊನೆಗೊಂದು ಸಾಲು ಸೇರಿಸಿದ್ದರು: ಆ ದ್ರೋಹಿಯ ಮನೆಗೆ ಶಾಪ ತಟ್ಟಿತು, ಇಂದಿಗೂ ಆ ಮನೆಯ ಹಿತ್ತಲ ಬಾಗಿಲಿಗೆ ಅಗುಳಿ ನಿಲ್ಲುವುದಿಲ್ಲ ಎಂದು.

ಹರಿಹರದಲ್ಲಿ ಅಗುಳಿಯಿಲ್ಲದ ಹಿತ್ತಲ ಬಾಗಿಲು ಇದ್ದದ್ದು ಒಂದೇ ಮನೆಗೆ. ಅದು ನಮ್ಮೂರಲ್ಲಿ ಹಾಲು ಕುಡಿಯುವ ಕೂಸಿಗೂ ಗೊತ್ತು. ಆ ಮನೆಯ ಹಿರೀಮಗ ದಾವಣಗೆರೆಯಲ್ಲಿ ಹತ್ತಿ ವ್ಯಾಪಾರದ ದೊಡ್ಡ ಸಾವ್ಕಾರರಾಗಿದ್ದರು. ಅವರ ಅಂಗಡಿಯ ಅಚ್ಚಿನ ಕೆಲಸವೆಲ್ಲ ನಮ್ಮದೇ. ಮೇಷ್ಟ್ರ ಶಾಲೆಯ ಕಮಿಟಿಯಲ್ಲೂ ಅವರಿದ್ದರು. ದಾವಣಗೆರೆಯವರಾದ ಮೇಷ್ಟ್ರಿಗೆ ಆ ಬಾಗಿಲಿನ ಸುದ್ದಿ ಹೇಳಿದ್ದು ಹೊಳೆಯ ಅಂಬಿಗನಂತೆ. ಅದು ಯಾರ ಮನೆಯೆಂದು ಅವರು ವಿಚಾರಿಸಿರಲೇ ಇಲ್ಲ. ಒಳಗೆ ಕೂತು ಕೇಳಿದ ನನಗೆ ಗೊತ್ತಿತ್ತು, ಆದರೆ ಹೊಸ ಸೊಸೆ, ಗಂಡಸರ ಮಾತಿನಲ್ಲಿ ಬಾಯಿ ಹಾಕಲಿಲ್ಲ.

ಮಗಳ ನಿಶ್ಚಿತಾರ್ಥದ ಕಾರ್ಡು ನೋಡಲು ಸಾವ್ಕಾರರು ಬಂದ ದಿನ, ಮೇಷ್ಟ್ರ ಹಾಳೆಗಳು ಮಸಿ ಆರಲೆಂದು ಹಗ್ಗದ ಮೇಲೆ ತೂಗಾಡುತ್ತಿದ್ದವು. ಸುಮ್ಮನೆ ನಿಂತವರು ಒಂದು ಹಾಳೆಯನ್ನು ಓದಿದರು. ಮತ್ತೊಮ್ಮೆ ಓದಿದರು. ಮಾವ ಕೊಟ್ಟ ಚಹಾದ ಲೋಟವನ್ನು ಮುಟ್ಟಲಿಲ್ಲ.

"ಇದನ್ನ ಬರ್ದಾರನ್ನ ಕರೀರಿ" ಎಂದರು.

ಮೇಷ್ಟ್ರು ಬಂದರು. ನಾನೂ ಅತ್ತೆಯೂ ಬಾಗಿಲ ಮರೆಯಲ್ಲಿ ನಿಂತಿದ್ದೆವು.

"ಹೆಸರು ಬರ್ದಿಲ್ಲಲ್ರಿ ಸಾವ್ಕಾರ್ರೇ ನಾನು."

"ಹೆಸರು ಬ್ಯಾರೆ ಬರೀಬೇಕೇನ್ರಿ? ಮುಂದಿನ ವಾರ ಮಗಳ ನಿಶ್ಚಿತಾರ್ಥ ಐತೆ. ಬೀಗರು ಇದನ್ನ ಓದಿದ್ರೆ, ದ್ರೋಹಿ ಮನೆತನದ ಹುಡುಗಿ ಅಂತ ಎದ್ದು ಹೋಗಲ್ವೇನು?"

ಆಗ ಮೇಷ್ಟ್ರು ತಪ್ಪಾಯಿತು ಎಂದುಬಿಟ್ಟಿದ್ದರೆ ಮುಗಿಯುತ್ತಿತ್ತು. ಆದರೆ ಹಟಮಾರಿ ಮನುಷ್ಯ! "ಮಕ್ಕಳಿಗೆ ಸುಳ್ಳು ಇತಿಹಾಸ ಕೊಡಾಕೆ ನನ್ನ ಕೈಲಿ ಆಗಂಗಿಲ್ರಿ. ನಾ ಬರ್ದಿದ್ದು ಸುಳ್ಳು ಅಂತ ತೋರ್ಸ್ರಿ, ತೆಗಿತೀನಿ" ಎಂದರು. ಸಾವ್ಕಾರರ ಮುಖ ಕೆಂಪಗಾಯಿತು.

"ಹಂಗಾರೆ ಹರಿಹರಕ್ಕೆ ಬರ್ರಿ. ನಮ್ಮವ್ವನ ಮುಂದೆ ಕುಂತು ಇದನ್ನ ಓದ್ರಿ ನೋಡೋಣ. ಆಮೇಲೆ ನಿಮ್ಮ ಶಾಲೆ ಕೆಲಸದ ಮಾತು."

ಮಾವನವರಿಗೆ ರಾತ್ರಿಯೆಲ್ಲ ನಿದ್ದೆ ಇಲ್ಲ. ಬೆಳಗಾಗುತ್ತಲೇ ನನ್ನನ್ನು ಕರೆದು, "ನೀನು ಅದೇ ಊರೋಳು, ಆ ಅಮ್ಮ ನಿನ್ನ ಬಲ್ಲಳು. ಮೇಷ್ಟ್ರ ಜೊತಿಗೆ ಹೋಗವ್ವಾ. ಮಾತು ಮೀರಿದ್ರೆ ಅಕೀ ಕಾಲು ಹಿಡ್ಕೊಂಡುಬಿಡು" ಎಂದರು. ಬರೆದವರು ಅವರು, ಕಾಲು ಹಿಡಿಯುವವಳು ನಾನು! ಆದರೂ ತವರಿನ ಕಡೆಗೆ ಹೋಗುವ ಆಸೆಗೆ ಹೊರಟೆ. ರೈಲಿನಲ್ಲಿ ಮೇಷ್ಟ್ರು, "ಆ ಅಜ್ಜಿ ಹೆಂಗೆ ತಂಗೀ?" ಎಂದು ಕೇಳಿದರು. "ಅಜ್ಜಿ ಗದರಿದ್ರೆ ಎತ್ತೂ ಹಿಂದಕ್ಕೆ ಸರೀತಾವ್ರಿ" ಎಂದೆ. ಮತ್ತೆ ಹರಿಹರ ಬರುವವರೆಗೆ ಅವರು ಕಿಟಕಿಯ ಹೊರಗೇ ನೋಡುತ್ತಿದ್ದರು.

ಅಜ್ಜಿ ಪಡಸಾಲೆಯಲ್ಲಿ ಮೊರದ ಮುಂದೆ ಕೂತು ಅಕ್ಕಿಯಲ್ಲಿ ಕಲ್ಲು ಆರಿಸುತ್ತಿದ್ದಳು. ಹಣೆಯ ತುಂಬ ವಿಭೂತಿ. ಸಾವ್ಕಾರರು ಕಂಬಕ್ಕೆ ಆತು ನಿಂತಿದ್ದರು. ಹಿಂದೆ ಆ ಹಿತ್ತಲ ಬಾಗಿಲು ಅರ್ಧ ತೆರೆದುಕೊಂಡಿತ್ತು.

"ಓದಪ್ಪಾ" ಎಂದಳು ಅಜ್ಜಿ.

ಮೇಷ್ಟ್ರು ಶುರುಮಾಡಿದರು. ಮೊದಲು ಮಾತು ತಡವರಿಸಿತು. ಆಮೇಲೆ ಅಭ್ಯಾಸಬಲ, ಜಗಲಿಯ ಮೇಲೆ ಮಕ್ಕಳಿಗೆ ಓದುವ ಹಾಗೆಯೇ ದನಿ ಏರಿತು. ಅಜ್ಜಿಯ ಕೈ ಅಕ್ಕಿಯಲ್ಲಿ ಹಾಗೇ ನಿಂತುಬಿಟ್ಟಿತು. ವೈರಿಗಳು ಕೋಟೆ ಸುತ್ತಿದಾಗ "ಅಯ್ಯೋ" ಎಂದಳು. ಮೇಷ್ಟ್ರು ಉಸಿರಿಗೆ ನಿಂತಾಗ "ಆಮೇಲೆ?" ಎಂದಳು. ಆ ಸಾಲು ಹತ್ತಿರ ಬಂತು. ಮೇಷ್ಟ್ರು ಒಂದು ಕ್ಷಣ ತಲೆ ಎತ್ತಿ ನೋಡಿದರು. ಬಿಟ್ಟು ಓದಬಹುದಿತ್ತು, ಬಿಡಲಿಲ್ಲ. ದ್ರೋಹಿ ಎಂದೂ ಓದಿದರು, ಶಾಪ ಎಂದೂ ಓದಿದರು.

ನಾನು ಕಾಲು ಹಿಡಿಯಲು ಸೆರಗು ಸರಿಮಾಡಿಕೊಂಡೆ.

"ಭಾಳ ಚಂದ ಓದ್ತೀಯಪ್ಪಾ" ಎಂದಳು ಅಜ್ಜಿ. "ಆದ್ರೆ ಮಕ್ಕಳನ್ನ ಏನ್ ಮಾಡ್ದೆ?"

"ಯಾವ ಮಕ್ಕಳ್ರಿ ಅಮ್ಮಾ?"

"ಕೋಟೆ ಒಳಗಿನ ಮಕ್ಕಳು. ತಿಂಗಳಾನುಗಟ್ಲೆ ಬಾಗ್ಲು ಹಾಕಿತ್ತು ಅಂತೀಯ. ಅವು ಏನ್ ತಿಂತಿದ್ವು?"

ಮೇಷ್ಟ್ರು ಹಾಳೆಗಳನ್ನು ಹಿಂದಕ್ಕೆ ತಿರುವಿ ನೋಡಿದರು. ಅಷ್ಟು ಪುಟಗಳಲ್ಲಿ ಕುದುರೆ ಇತ್ತು, ಆನೆ ಇತ್ತು, ಕತ್ತಿಯ ಹಿಡಿಯ ಮೇಲಿನ ಕೆತ್ತನೆಯೂ ಇತ್ತು. ಮಕ್ಕಳಿಗೆಂದೇ ಬರೆದ ಪುಸ್ತಕದಲ್ಲಿ ಒಂದು ಮಗು ಇರಲಿಲ್ಲ.

ಅಜ್ಜಿ ತನ್ನ ಅತ್ತೆ ತನಗೆ ಹೇಳಿದ್ದನ್ನು ಹೇಳಿದಳು. ಕೋಟೆಯೊಳಗೆ ಕಾಳು ಮುಗಿದಿತ್ತು. ಉಳಿದದ್ದು ದಂಡಿನವರಿಗೆ ಮಾತ್ರ. ಹುಣಸೆಬೀಜ ಹುರಿದು ತಿಂದು ಹೊಟ್ಟೆ ಉಬ್ಬಿ ಕೂಸುಗಳು ಸತ್ತವು. ಇದ್ದವನ್ನಾದರೂ ಹೊಳೆ ದಾಟಿಸೋಣವೆಂದು ಕಾವಲುಗಾರ ಕತ್ತಲಲ್ಲಿ ಬಾಗಿಲು ತೆಗೆದ. ತಾಯಂದಿರು ಕೂಸು ಕಟ್ಟಿಕೊಂಡು ಹೊರಗೆ ಹೋದ ದಾರಿಯಲ್ಲೇ ವೈರಿಗಳು ಒಳಗೆ ಬಂದರು. ಹಸಿದವರ ಮುಂದೆ ನಮ್ಮ ಮನೆಯ ಬಾಗಿಲು ಇನ್ನು ಹಾಕುವುದಿಲ್ಲ ಎಂದು ಅವನು ಆಣೆ ಮಾಡಿದ, ಅದಕ್ಕೇ ಅಗುಳಿ ಇಲ್ಲ.

"ಉಂಡ ಮನೆಗೆ ಎರಡು ಬಗೆದ, ಅದು ಖರೆ. ದ್ರೋಹಿ ಅಂತ ಬರೀ, ನಾ ಬ್ಯಾಡ ಅನ್ನಲ್ಲ. ಆದ್ರೆ ಮಕ್ಕಳನ್ನೂ ಬರೀ."

"ಅವ್ವಾ, ನೀನು ಸುಮ್ಕಿರು" ಎಂದರು ಸಾವ್ಕಾರರು.

"ನೀನೇ ಸುಮ್ಕಿರೋ. ಮನೆತನ ಅನ್ನೋದು ಬರೀ ಹೊಗಳಿಕೆ ಏನು?"

ಮೇಷ್ಟ್ರು ಎದ್ದು ಅಜ್ಜಿಯ ಕಾಲು ಮುಟ್ಟಿದರು. ನನ್ನ ಕೆಲಸ ಅವರೇ ಮಾಡಿದರು. ಆಮೇಲೆ ಸಾವ್ಕಾರರ ಕಡೆ ತಿರುಗಿ, ಆ ಅಧ್ಯಾಯವನ್ನು ಹೊಸದಾಗಿ ಬರೆಯುತ್ತೇನೆ, ನಿಶ್ಚಿತಾರ್ಥ ಮುಗಿದ ಮೇಲೆಯೇ ಅಚ್ಚು ಎಂದರು. ಸಾವ್ಕಾರರು, "ಹಳೇ ಹಾಳೆ ಒಂದಾದ್ರೂ ಹೊರಗೆ ಬಂತು ಅಂದ್ರೆ?" ಎಂದು ಕೇಳಿದರು.

"ಬರಂಗಿಲ್ರಿ. ಇದು ನನ್ನ ಮಾತು."

ದಾವಣಗೆರೆಗೆ ಮರಳಿದ ದಿನವೇ ಮಾವನವರು ಆ ಹಾಳೆಗಳನ್ನೆಲ್ಲ ಬಚ್ಚಲ ಒಲೆಗೆ ಹಾಕಲು ಅತ್ತೆಗೆ ಹೇಳಿದರು. ನಾಲ್ಕು ದಿನ ಮೇಷ್ಟ್ರ ಮುಖ ಕಾಣಲಿಲ್ಲ. ಐದನೆಯ ದಿನ ಸಂಜೆ ಬಂದರು, ಕಣ್ಣು ಕೆಂಪಾಗಿದ್ದವು. ಮಕ್ಕಳನ್ನು ಜಗಲಿಯ ಮೇಲೆ ಕೂರಿಸಿಕೊಂಡು ಹೊಸ ಅಧ್ಯಾಯ ಓದಿದರು. ಈ ಸಲ ದನಿ ಏರಿಸಲಿಲ್ಲ. ಹುಣಸೆಬೀಜದ ಮಾತು ಬಂದಾಗ ಒಂದು ಮಗುವೂ ಅಲುಗಾಡಲಿಲ್ಲ. ಓದು ಮುಗಿದ ಮೇಲೆ ಬಿಂದಿಗೆ ಹಿಡಿದು ನಿಂತ ಒಂದು ಹುಡುಗಿ, "ಆ ಕೂಸುಗಳು ಹೊಳೆ ದಾಟಿದ್ವಾ ಮೇಷ್ಟ್ರೇ?" ಎಂದಳು.

ಹಿಂದಿನ ಮೇಷ್ಟ್ರಾಗಿದ್ದರೆ ಅಲ್ಲೇ ಒಂದು ದೋಣಿ ತರಿಸಿಬಿಡುತ್ತಿದ್ದರು. "ಗೊತ್ತಿಲ್ಲವ್ವಾ. ಯಾರೂ ಬರೆದಿಟ್ಟಿಲ್ಲ" ಎಂದರು. ಅವರ ಕಣ್ಣಲ್ಲಿ ನೀರಿತ್ತು.

ಅಷ್ಟರಲ್ಲಿ ಮೂಲೆಯಲ್ಲಿ ಮಂಡಕ್ಕಿ ಮೆಲ್ಲುತ್ತಿದ್ದ ಇನ್ನೊಬ್ಬಳು ಕೈಯಲ್ಲಿದ್ದ ಪೊಟ್ಟಣ ಬಿಚ್ಚಿ, "ಇದ್ರಾಗೆ ಬ್ಯಾರೆ ಥರ ಐತಲ್ರೀ" ಎಂದಳು. ಎಣ್ಣೆ ಹತ್ತಿದ ಹಾಳೆ. ದ್ರೋಹಿ, ಶಾಪ, ಅಗುಳಿ.

ಮೇಷ್ಟ್ರು ಅದನ್ನು ತೆಗೆದುಕೊಂಡು ಮಾವನವರ ಕೈಗೆ ಕೊಟ್ಟರು. ಮಾವ ಒಳಗೆ ಓಡಿಬಂದು ಅತ್ತೆಯನ್ನು ಕೇಳಿದರು. ಅತ್ತೆ, "ಸರಸ್ವತೀನ ಬೆಂಕಿಗೆ ಹಾಕಾಕೆ ಕೈ ಬರ್ಲಿಲ್ರಿ. ಮಂಡಕ್ಕಿಯವ ಬಂದಿದ್ದ, ಯಾವಾಗ್ಲೂ ರದ್ದಿ ಕೊಡೋ ಹಂಗೆ ಕೊಟ್ಟೆ" ಎಂದರು. ಅಚ್ಚಾದ ಹಾಳೆ ಕಾಲಿಗೆ ತಾಗಿದರೆ ಕಣ್ಣಿಗೊತ್ತಿಕೊಳ್ಳುವ ಮನೆ ನಮ್ಮದು. ಸುಡುವುದು ಪಾಪ, ಮೆಣಸಿನಕಾಯಿ ಬೋಂಡಾ ಸುತ್ತಲು ಕೊಡುವುದಕ್ಕೆ ಮಾತ್ರ ಏನೂ ಅಡ್ಡಿಯಿಲ್ಲ! ಮಾವ, ನನ್ನ ಗಂಡ, ಮೇಷ್ಟ್ರು ಮೂವರೂ ಮಂಡಕ್ಕಿ ಭಟ್ಟಿಗೆ ಓಡಿದರು. ಹಾಳೆಗಳು ಆಗಲೇ ಊರಿನ ಅಂಗಡಿ ಅಂಗಡಿಗೆ ಹಂಚಿಹೋಗಿದ್ದವು. ದಾವಣಗೆರೆಯಲ್ಲಿ ಮಂಡಕ್ಕಿ ತಿನ್ನದವರು ಯಾರಿದ್ದಾರೆ? ಬೀಗರ ಕಡೆಯವರೂ ತಿಂದರು, ಓದಿದರು. ನಿಶ್ಚಿತಾರ್ಥ ಮುರಿದುಬಿತ್ತು.

ಸಾವ್ಕಾರರು ಬಂದಾಗ ಬಯ್ಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. "ಮಾತು ಕೊಟ್ಟಿದ್ರಿ ಮೇಷ್ಟ್ರೇ" ಎಂದರು, ಅಷ್ಟೇ. ಮಾವ ನಡೆದದ್ದನ್ನು ಹೇಳಲು ಬಾಯಿ ತೆರೆದರು. ಮೇಷ್ಟ್ರು ಅವರ ಕೈ ಅದುಮಿದರು. "ಬರ್ದಾವ ನಾನು, ಮಾತು ಕೊಟ್ಟಾವ ನಾನು. ಇವ್ರ ಮನೆಯೋರ ತಪ್ಪೇನಿಲ್ರಿ" ಎಂದರು. ಅತ್ತೆ ಒಳಗೆ ಸೆರಗು ಬಾಯಿಗೆ ತುರುಕಿಕೊಂಡು ಅಳುತ್ತಿದ್ದರು. ಆ ತಿಂಗಳೇ ಮೇಷ್ಟ್ರ ಕೆಲಸ ಹೋಯಿತು. ಹೆಂಡತಿ ಮಕ್ಕಳನ್ನು ಕರೆದುಕೊಂಡು ದೂರದ ಯಾವುದೋ ಊರಿಗೆ ಹೋದರೆಂದು ಕೇಳಿದೆ. ಹೊಸ ಅಧ್ಯಾಯ ಅಚ್ಚಾಗಲೇ ಇಲ್ಲ. ಅವರು ತೀರಿಕೊಂಡ ಸುದ್ದಿಯೂ ನಮಗೆ ತಲುಪಿದ್ದು ವರ್ಷಗಳ ಮೇಲೆ...

ಹೋದ ತಿಂಗಳು ಹರಿಹರದ ಬಸ್‌ಸ್ಟ್ಯಾಂಡಿನಲ್ಲಿ ಕೂತಿದ್ದೆ. ಪಕ್ಕದಲ್ಲಿ ಕಾಲೇಜಿನ ಹುಡುಗನೊಬ್ಬ ಗೆಳೆಯನಿಗೆ ನಮ್ಮ ಕೋಟೆಯ ಕಥೆ ಹೇಳುತ್ತಿದ್ದ. ಬಾಗಿಲು ತೆಗೆದ ದ್ರೋಹಿ, ಶಾಪ, ಎಲ್ಲ ಆ ಹಳೇ ಹಾಳೆಯಲ್ಲಿದ್ದ ಹಾಗೆಯೇ. ನನಗೆ ತಡೆಯಲಾಗಲಿಲ್ಲ. "ಕೋಟೆ ಒಳಗಿನ ಮಕ್ಕಳ ಕಥೆ ಗೊತ್ತೇನಪ್ಪಾ?" ಎಂದೆ.

"ಯಾವ ಮಕ್ಕಳಜ್ಜೀ?"

ಹೇಳತೊಡಗಿದೆ. ಮೇಷ್ಟ್ರ ಹಾಗೆ ಹೇಳಲು ನನಗೆಲ್ಲಿ ಬರಬೇಕು? ಮಾತು ತಡವರಿಸಿತು, ಹಿಂದಿನದು ಮುಂದೆ, ಮುಂದಿನದು ಹಿಂದೆ. ಹುಡುಗ ಪಾಪ, ಕೇಳಿಸಿಕೊಳ್ಳುತ್ತಲೇ ಇದ್ದ. ತಾಯಂದಿರು ಇನ್ನೂ ಹೊಳೆಯ ಹತ್ತಿರ ಬಂದಿರಲಿಲ್ಲ, ಅವನ ಬಸ್ಸು ಬಂತು. ಹತ್ತಿ ಹೋದ.