ಹೆಣದ ಪಾತ್ರದ ಗುರುಪಾದ
ಮ್ಯಾನೇಜರ್ ಬಂದಾಗ ಕೆಲಸದಲ್ಲಿ ಮುಳುಗಿದವನಂತೆ ಕಾಣುವುದೇ ನನ್ನ ಜೀವನದ ದೊಡ್ಡ ನಟನೆ, ಅದನ್ನೂ ಅವರು ನಂಬುವುದಿಲ್ಲ. ಹಾಗಾಗಿ ವಡಗಾವಿಯ ನಮ್ಮ ಪಕ್ಕದ ಮನೆಯ ಗುರುಪಾದನನ್ನು ಕಂಡರೆ ನನಗೆ ಹೊಟ್ಟೆಕಿಚ್ಚು. ಅವನು ಚಿತ್ರೋತ್ಸವಗಳಿಗೆ ಹೋಗುವ, ಆದರೆ ಬೆಳಗಾವಿಯ ಟಾಕೀಸಿಗೆ ಎಂದೂ ಬಾರದ ಸಿನಿಮಾಗಳ ನಟ. ಖಾನಾಪುರದ ಕಡೆ ಶೂಟಿಂಗಿಗೆ ಬರುವ ನಿರ್ದೇಶಕರೆಲ್ಲ ಅವನನ್ನೇ ಕರೆಸುತ್ತಾರೆ, ಹೆಣದ ಪಾತ್ರಕ್ಕೆ. ಮೂಗಿನ ಮೇಲೆ ನೊಣ ಕೂತರೂ ಅವನ ರೆಪ್ಪೆ ಅಲುಗದು. ಪಾರಿಶ್ವಾಡದಲ್ಲಿ ಪುಣೆಯ ನಿರ್ದೇಶಕನೊಬ್ಬ ಚಟ್ಟದ ಮೇಲೆ ಮಲಗಿಸಿದಾಗ ಮಾತ್ರ ಹೆಣವೇ ಎದ್ದು, "ನಮ್ಮ ಮಂದ್ಯಾಗ ಸತ್ತವರನ್ನ ಕುಂದರಸ್ತಾರ್ರೀ ಸರ, ಮಲಗಸೂದಿಲ್ಲ" ಎಂದು ವಿಭೂತಿ ಹಚ್ಚಿಸಿಕೊಂಡು ಕೂತುಬಿಟ್ಟಿತು. "ಒಂದ್ ಮಾತಿರೂ ಪಾತ್ರನರ ಕೇಳಲೇ" ಎಂದು ನಾನು ಕೆಣಕಿದರೆ, "ಮಾತು ಯಾರರ ಆಡ್ತಾರಲೇ, ಸುಮ್ನಿರಾಕ ಕಲಾವಿದ ಬೇಕು" ಎನ್ನುತ್ತಾನೆ. ಹೀಗೆ ಸತ್ತು ಬಂದಾಗಲೆಲ್ಲ ಅವನ ತಾಯಿ ಗೌರವ್ವ ಹೊಸ್ತಿಲಲ್ಲಿ ನೀರಿನ ಕೊಡ ಹಿಡಿದು ನಿಂತು, "ಗುರುಪಾದಾ" ಎಂದು ಕೂಗುತ್ತಾಳೆ. ಅವನು "ಬಂದೆ ಯವ್ವಾ" ಎಂದ ಮೇಲೆಯೇ ತಲೆಗೆ ನೀರು ಸುರಿದು ಒಳಗೆ ಬಿಡುತ್ತಾಳೆ. ಹೋದ ತಿಂಗಳು ಕಲಾವಿದ ತಮಾಷೆಗೆಂದು ಬಾಗಿಲಿಗೊರಗಿ, ಕಣ್ಣು ಮುಚ್ಚಿ ಸುಮ್ಮನಿದ್ದ. ಗೌರವ್ವ ಮತ್ತೆ ಕರೆದಳು, ಮತ್ತೂ ಕರೆದಳು. ಆಮೇಲೆ ಕೊಡ ಕೈಜಾರಿ ಬಿದ್ದ ಸಪ್ಪಳವೂ ಮಗ ಹೋದನೆಂದು ಅವಳು ಚೀರಿದ್ದೂ ನಮ್ಮ ಮನೆಗೂ ಕೇಳಿಸಿದವು. ಈಗ ನಿರ್ದೇಶಕರ ಫೋನ್ ಬಂದರೆ ಅವನು ಮೊದಲು ಕೇಳುವುದು, "ಸಾಯೂದು ಬಿಟ್ಟು ಬ್ಯಾರೆ ಏನರ ಐತೇನ್ರಿ ಸರ?" ಇನ್ನೂ ಯಾರೂ "ಇದೆ" ಎಂದಿಲ್ಲ.