ಡೈಲಾಗ್ ಮಲ್ಲಣ್ಣ

ನಾವು ಮಾತಾಡುತ್ತಿದ್ದರೆ ಮಲ್ಲಣ್ಣನವರ ತುಟಿಯೂ ಅಲುಗಾಡುತ್ತಿತ್ತು. ಎದುರಿನವರ ಮಾತನ್ನು ಸದ್ದಿಲ್ಲದೆ ತಾವೂ ಒಮ್ಮೆ ಆಡಿ ನೋಡುವ ಚಟ ಅದು. ಅಣಕಿಸುತ್ತಿದ್ದಾರೆಂದು ಹೊಸಬರಿಗೆ ಸಿಟ್ಟು ಬರುತ್ತಿತ್ತು. ಸಿನಿಮಾಕ್ಕೆ ಸಂಭಾಷಣೆ ಬರೆಯುತ್ತಿದ್ದ ಅವರು ದೇವದುರ್ಗದಿಂದ ರಾಯಚೂರಿನವರೆಗೆ ಎಲ್ಲರಿಗೂ ಡೈಲಾಗ್ ಮಲ್ಲಣ್ಣ. ರಾಯಚೂರಿನ ನನ್ನ ಡಿಟಿಪಿ ಅಂಗಡಿಯಲ್ಲಿ ಅವರ ಬರಹ ಟೈಪು ಮಾಡುತ್ತಿದ್ದವನು ನಾನು.

ಅವರ ಸಿನಿಮಾ ನಂಟು ಕಡಿದದ್ದು ಒಂದೇ ಮಾತಿನಿಂದ. ಕಾಯಿಲೆ ಬಿದ್ದ ತಾಯಿಯ ಬಗ್ಗೆ 'ಅವ್ವಗ ಆರಾಮಿಲ್ಲ' ಎಂದು ಬರೆದಿದ್ದರು. ಬೆಂಗಳೂರಿನ ನಿರ್ದೇಶಕರು ಆಕೆಗೆ ಬಿಡುವಿಲ್ಲವೆಂದು ತಿಳಿದು, ಕೈಗೆ ಒನಕೆ ಕೊಟ್ಟು ಚಿತ್ರೀಕರಿಸಿದರು. ಮಾನ್ವಿಯ ಟಾಕೀಸಿನಲ್ಲಿ ಜನ ಬಿದ್ದುಬಿದ್ದು ನಕ್ಕರು. "ಜಡ್ಡಾದಾಕಿ ಕೈಯಾಗ ಒನಕಿ ಕೊಟ್ಟಾರ ನೋಡಪ. ಇನ್ನ ಮ್ಯಾಲ ನಮ್ಮ ಮಂದಿ ಕಥಿ ಅಷ್ಟ ಬರೀತೀನಿ" ಎಂದು ಪಕ್ಕದಲ್ಲಿದ್ದ ನನಗೆ ಹೇಳಿ ಎದ್ದು ಹೊರಟರು.

ಆಮೇಲೆ ಬರೆದದ್ದೆಲ್ಲ ನಮ್ಮ ಕಡೆಯ ಆರ್ಕೆಸ್ಟ್ರಾ ಹಾಡುಗಾರರ, ಬ್ಯಾಂಡಿನವರ ಜೀವನಕಥೆ. ಬರೆದದ್ದನ್ನು ಅವರವರ ಎದುರೇ ಕೂತು ಓದುತ್ತಿದ್ದರು. ಕಥೆ ಕೇಳುವವರು ಹೂಂಗುಟ್ಟಬೇಕಲ್ಲ, ಆ ಹೂಂ ತಡವಾದಲ್ಲಿ ಗೀಟು ಹಾಕುತ್ತಿದ್ದರು. "ಇಲ್ಲಿ ನಾ ಡೈಲಾಗ್ ಹೊಡದೀನಿ, ತಗಿ ಇದನ್ನ" ಎಂದು ನನ್ನಿಂದ ಅಳಿಸುತ್ತಿದ್ದರು.

ಕೊನೆಯ ಪುಸ್ತಕ ಮಾನ್ವಿಯ ಹಾಡುಗಾರ್ತಿ ಹುಲಿಗೆಮ್ಮನದು. ಆಕೆಯನ್ನು ಜೀವಮಾನವೆಲ್ಲ ವೇದಿಕೆಗೆ ಕರೆದದ್ದು ಯಾವುದೋ ದೊಡ್ಡ ಗಾಯಕಿಯ ಹೆಸರಿನ ಮೊದಲು 'ಜೂನಿಯರ್' ಎಂದು ಸೇರಿಸಿ, ಪೋಸ್ಟರಿನಲ್ಲೂ ಅದೇ. ಈಗ ಕಣ್ಣು ಕಾಣುತ್ತಿರಲಿಲ್ಲ. "ಪುಸ್ತಕದ ಮ್ಯಾಲರ ನನ್ನ ಹೆಸರು ಇರ್ಲಿರೀ ಮಲ್ಲಣ್ಣಾರ. ಸಾಯೋದ್ರಾಗ ಒಮ್ಮಿ ಕೇಳ್ತೀನಿ" ಎಂದಿದ್ದಳು.

ಕೊನೆಯ ಅಧ್ಯಾಯವನ್ನು ನನ್ನ ಕೈಗೆ ಕೊಟ್ಟು ಹೋದ ಮಲ್ಲಣ್ಣನವರು ಆ ವಾರವೇ ದೇವದುರ್ಗದಲ್ಲಿ ತೀರಿಕೊಂಡರು. ಮಣ್ಣಿಗೆ ಹೋದೆ. ಅಳು ಬರಲಿಲ್ಲ. ಅಂಗಡಿಗೆ ವಾಪಸು ಬಂದು ಕಾಗುಣಿತದ ತಪ್ಪು ತಿದ್ದುತ್ತ ಕೂತೆ. ಚಹಾ ಬಂತು, ಕುಡಿದೆ. ಏನೂ ಅನ್ನಿಸಲಿಲ್ಲ.

ಪುಸ್ತಕ ಅಚ್ಚಾದ ಮೇಲೆ ಮಾನ್ವಿಗೆ ಹೋಗಿ ಆಕೆಗೆ ನಾನೇ ಓದಿದೆ. ಮೊದಲು ಮುಖಪುಟದ ಮೇಲಿನ ಹೆಸರು: ಹುಲಿಗೆಮ್ಮ.

"ಇನ್ನೊಮ್ಮಿ" ಎಂದಳು.

ಇನ್ನೊಮ್ಮೆ ಓದಿದೆ. ಸಂಜೆಯವರೆಗೂ ಆಕೆಯ ಹೂಂ ಎಲ್ಲೂ ತಡವಾಗಲಿಲ್ಲ. ಮುಗಿದಾಗ ಪುಸ್ತಕ ಇಸಿದುಕೊಂಡು ತೊಡೆಯ ಮೇಲಿಟ್ಟುಕೊಂಡಳು.

"ನಂದು ಆತು. ಈಗ ಮಲ್ಲಣ್ಣಾರದು ಓದಪ್ಪ."

"ಅವರದು ಯಾರೂ ಬರದಿಲ್ಲ ಯವ್ವಾ."

"ಹಂಗಾದ್ರ ಬಾಯಿಲೇ ಹೇಳು. ಅವರವ್ವನ ಹೆಸರೇನು?"

ನನಗೆ ಗೊತ್ತಿರಲಿಲ್ಲ.